ಹತ್ತು ಮೀಟರ್ ದೂರದ ಗುರಿ: ಸುಮಾ ಶಿರೂರು ಶೂಟರ್ ಆಗಿ, ಕೋಚ್ ಆಗಿ

ಸುಮಾ ಶಿರೂರು ಹುಟ್ಟಿದ್ದು 1974ರ ಮೇ 10ರಂದು, ಚಿಕ್ಕಬಳ್ಳಾಪುರದಲ್ಲಿ. ಮಹಿಳೆಯರ 10 ಮೀಟರ್ ಏರ್ ರೈಫಲ್ ಸ್ಪರ್ಧೆಯಲ್ಲಿ 40 ಗುಂಡುಗಳನ್ನು ಹೊಡೆದು, ನಲವತ್ತಕ್ಕೂ ಹತ್ತು ಹತ್ತು ಅಂಕ ಪಡೆದು ವಿಶ್ವದಾಖಲೆಯನ್ನು ಸರಿಗಟ್ಟಿದವರು ಅವರು. ಕಾಮನ್‌ವೆಲ್ತ್ ಕ್ರೀಡಾಕೂಟದ ಚಿನ್ನ, ಏಷ್ಯನ್ ಕ್ರೀಡಾಕೂಟದ ಬೆಳ್ಳಿ, ಒಲಿಂಪಿಕ್ಸ್ ಫೈನಲ್, ಅರ್ಜುನ ಪ್ರಶಸ್ತಿ ಎಲ್ಲವೂ ಅವರ ಹೆಸರಿನ ಮುಂದಿವೆ. ಒಲಿಂಪಿಕ್ಸ್ ಪದಕ ಮಾತ್ರ ಇಲ್ಲ. ಅವರ ಕೈಯಲ್ಲಿ ಪಳಗಿದ ಅವನಿ ಲೇಖರಾ ಪ್ಯಾರಾಲಿಂಪಿಕ್ಸ್‌ನಲ್ಲಿ ಎರಡು ಸಲ ಚಿನ್ನ ಗೆದ್ದರು. ಕೋಚ್‌ಗಳಿಗೆ ಸರ್ಕಾರ ಕೊಡುವ ಅತಿ ದೊಡ್ಡ ಗೌರವವಾದ ದ್ರೋಣಾಚಾರ್ಯ ಪ್ರಶಸ್ತಿ 2022ರಲ್ಲಿ ಸುಮಾ ಅವರಿಗೆ ಸಂದಿತು.

ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ತಾಲ್ಲೂಕುಗಳ ಓದುಗರನ್ನು ಕಣ್ಣಮುಂದೆ ಇಟ್ಟುಕೊಂಡು ಈ ಲೇಖನ ಬರೆಯಲಾಗಿದೆ. ಸುಮಾ ಈ ಸೀಮೆಯವರಲ್ಲ. ಆದರೆ ಅವರು ನಡೆದ ದಾರಿ ಶುರುವಾದದ್ದು ಕಾಲೇಜಿನ ಎನ್‌ಸಿಸಿಯಿಂದ, ಆ ದಾರಿ ಈ ತಾಲ್ಲೂಕುಗಳ ಮಕ್ಕಳಿಗೂ ತೆರೆದಿದೆ.

ಭೀಮೆಯ ಸೀಮೆಯಲ್ಲಿ ಬಂದೂಕು ಎಂದರೆ

ಇಂಡಿ, ಸಿಂದಗಿ ಭಾಗದ ಮನೆಯೊಂದರಲ್ಲಿ ಮಗಳು ‘ನಾನು ರೈಫಲ್ ಕಲೀತೀನಿ’ ಎಂದರೆ ಮೊದಲು ಅವ್ವನ ಎದೆ ಝಲ್ಲೆನ್ನುತ್ತದೆ. ಭೀಮಾ ತೀರದ ಹಗೆತನ, ಕಂಟ್ರಿ ಪಿಸ್ತೂಲು, ಪೊಲೀಸ್ ದಾಳಿ ಇವೆಲ್ಲ ದಶಕಗಳಿಂದ ಪತ್ರಿಕೆಗಳಲ್ಲಿ ಬಂದಿವೆ, ಟಿವಿಯಲ್ಲಿ ಬಂದಿವೆ, ಸಿನಿಮಾಗಳಲ್ಲೂ ಬಂದಿವೆ. ದ್ರಾಕ್ಷಿ, ಲಿಂಬೆ ಬೆಳೆದು ಬದುಕುವ ಲಕ್ಷಾಂತರ ಜನರ ಊರಿಗೆ ಕೆಲವರ ಕೆಲಸದಿಂದ ಅಂಟಿದ ಹೆಸರು ಅದು. ಅದರಿಂದಾಗಿ ಬಂದೂಕು ಎಂಬ ಮಾತು ಬಂದ ಕೂಡಲೇ ಹಿರಿಯರ ಮುಖ ಗಂಟಾಗುತ್ತದೆ. ಈ ಅಂಜಿಕೆಯನ್ನು ತಪ್ಪು ಎನ್ನಲಾಗದು. ಆದರೆ ಕ್ರೀಡೆಯ ರೈಫಲ್‌ಗೂ ಆ ಲೋಕಕ್ಕೂ ಸಂಬಂಧವೇ ಇಲ್ಲ ಎಂಬುದನ್ನು ಯಾರಾದರೂ ಕೂತು ಬಿಡಿಸಿ ಹೇಳಬೇಕು.

ಏರ್ ರೈಫಲ್‌ನಲ್ಲಿ ಮದ್ದಿಲ್ಲ, ಸಿಡಿತವಿಲ್ಲ. ಸಿಲಿಂಡರ್‌ನಲ್ಲಿ ಒತ್ತಿಟ್ಟ ಗಾಳಿ 4.5 ಮಿಲಿಮೀಟರ್ ದಪ್ಪದ ಸೀಸದ ಚಿಕ್ಕ ಗುಂಡನ್ನು ತಳ್ಳುತ್ತದೆ. ಶೂಟರ್‌ಗಳು ಅದನ್ನು ಪೆಲೆಟ್ ಎನ್ನುತ್ತಾರೆ. ಬೇಕಾದದ್ದು ನಿಶ್ಚಲವಾಗಿ ನಿಲ್ಲುವ ಶಕ್ತಿ. ಜೋಳ ತೆನೆ ಕಟ್ಟಿದಾಗ ಅಟ್ಟಣೆಯ ಮೇಲೆ ನಿಂತು ಕವಣೆ ಬೀಸಿ ಹಕ್ಕಿ ಕಾಯುತ್ತಿದ್ದ ಸೀಮೆ ಇದು, ಕಣ್ಣು–ಕೈ ಹೊಂದಿಸುವುದು ಇಲ್ಲಿಯವರಿಗೆ ಹೊಸದಲ್ಲ. ಹೊಸದಾಗಿ ಕಲಿಯಬೇಕಾದದ್ದು ಮೈಯನ್ನು ಅಲುಗದಂತೆ ನಿಲ್ಲಿಸುವುದನ್ನು.

ಚಿಕ್ಕಬಳ್ಳಾಪುರದಿಂದ ಮುಂಬೈಗೆ

ಹುಟ್ಟಿದ್ದು ಕರ್ನಾಟಕದಲ್ಲಾದರೂ ಸುಮಾ ಶೂಟರ್ ಆಗಿ ರೂಪುಗೊಂಡದ್ದು ಮುಂಬೈಯಲ್ಲಿ. ಮದುವೆಗೆ ಮುಂಚೆ ಅವರ ಹೆಸರು ಸುಮಾ ದೀಕ್ಷಿತರ್. 1990ರ ದಶಕದ ಮೊದಲ ಭಾಗದಲ್ಲಿ ಕಾಲೇಜು ವಿದ್ಯಾರ್ಥಿನಿಯಾಗಿದ್ದಾಗ ಎನ್‌ಸಿಸಿ ಮೂಲಕ ರೈಫಲ್ ಹಿಡಿದರು. ಮುಂಬೈಯ ವರ್ಲಿಯಲ್ಲಿ ಮಹಾರಾಷ್ಟ್ರ ರೈಫಲ್ ಅಸೋಸಿಯೇಷನ್‌ನ ರೇಂಜ್ ಇದೆ. ಅಲ್ಲಿ ಆಗ ಹುಡುಗಿಯರ ಒಂದು ಗುಂಪೇ ಬೆಳೆಯುತ್ತಿತ್ತು. ಅಂಜಲಿ ಭಾಗವತ್, ದೀಪಾಲಿ ದೇಶಪಾಂಡೆ, ಸುಮಾ ಮೂವರೂ ಆ ಗುಂಪಿನವರು.

ಅವರನ್ನು ತಿದ್ದಿದವರು ಸಂಜಯ್ ಚಕ್ರವರ್ತಿ. ಆಮದು ರೈಫಲ್ ಕೈಗೆ ಸಿಗುವುದು ದುರ್ಲಭವಾಗಿದ್ದ, ಗುಂಡುಗಳನ್ನು ಎಣಿಸಿ ಎಣಿಸಿ ಬಳಸಬೇಕಾಗಿದ್ದ ಕಾಲದಲ್ಲಿ ಅವರು ಒಂದು ತಲೆಮಾರನ್ನೇ ಕಟ್ಟಿದರು. ಲಂಡನ್ ಒಲಿಂಪಿಕ್ಸ್‌ನಲ್ಲಿ ಕಂಚು ಗೆದ್ದ ಗಗನ್ ನಾರಂಗ್ ಕೂಡ ಅವರ ಬಳಿ ಕಲಿತವರೇ. ಚಕ್ರವರ್ತಿಯವರಿಗೂ ದ್ರೋಣಾಚಾರ್ಯ ಪ್ರಶಸ್ತಿ ಬಂದಿತ್ತು. 2021ರಲ್ಲಿ ಕೋವಿಡ್ ಅವರನ್ನು ಬಲಿ ತೆಗೆದುಕೊಂಡಿತು. ಆ ವರ್ಷವೇ, ಕೆಲವೇ ತಿಂಗಳ ನಂತರ, ಅವರ ಶಿಷ್ಯೆಯ ಶಿಷ್ಯೆ ಟೋಕಿಯೊದಲ್ಲಿ ಚಿನ್ನ ಗೆದ್ದಳು.

ಈ ಶೂಟರ್‌ಗಳ ಮನಸ್ಸಿನ ತಯಾರಿಯನ್ನು ನೋಡಿಕೊಂಡವರು ನಾಸಿಕದ ಭೀಷ್ಮರಾಜ ಬಾಮ್. ಪೊಲೀಸ್ ಅಧಿಕಾರಿಯಾಗಿದ್ದ ಅವರು ಯೋಗ, ಉಸಿರಾಟ, ಏಕಾಗ್ರತೆಗಳನ್ನು ಕ್ರೀಡಾಪಟುಗಳಿಗೆ ಹೇಳಿಕೊಡುತ್ತಿದ್ದರು. ಕ್ರೀಡಾ ಮನೋವಿಜ್ಞಾನ ಎಂಬುದು ನಮ್ಮ ದೇಶದಲ್ಲಿ ಇನ್ನೂ ಕಾಲೂರದಿದ್ದ ದಿನಗಳವು. ಸುಮಾ ಮುಂದೆ ಕೋಚ್ ಆಗಿ ಏನೆಲ್ಲ ಮಾಡಿದರೋ ಅದರ ಬೇರು ಈ ಇಬ್ಬರ ಪಾಠದಲ್ಲಿದೆ ಎಂದು ನನಗನ್ನಿಸುತ್ತದೆ. ಒಬ್ಬರು ಮೈಯನ್ನು ನಿಲ್ಲಿಸಲು ಕಲಿಸಿದರು, ಇನ್ನೊಬ್ಬರು ಮನಸ್ಸನ್ನು.

ಎರಡೂವರೆ ಮಿಲಿಮೀಟರ್‌ನ ಲೆಕ್ಕ

ಈ ಸ್ಪರ್ಧೆ ಎಷ್ಟು ಸೂಕ್ಷ್ಮ ಎಂಬುದು ಅಳತೆ ನೋಡಿದರೇ ಅರ್ಥವಾಗುತ್ತದೆ. ಗುರಿ ಇರುವುದು 10 ಮೀಟರ್ ದೂರದಲ್ಲಿ, ನೆಲದಿಂದ 1.40 ಮೀಟರ್ ಎತ್ತರದಲ್ಲಿ. ಹೊರಗಿನ ವೃತ್ತದ ಅಡ್ಡಳತೆ 45.5 ಮಿಲಿಮೀಟರ್. ನಟ್ಟನಡುವೆ ಹತ್ತು ಅಂಕದ ಚುಕ್ಕೆ, ಅದರ ಅಡ್ಡಳತೆ ಬರೀ 0.5 ಮಿಲಿಮೀಟರ್. ಗುಂಡಿನ ಅಂಚು ಆ ಚುಕ್ಕೆಯನ್ನು ಮುಟ್ಟಿದರೆ ಹತ್ತು. ಗುಂಡೇ 4.5 ಮಿಲಿಮೀಟರ್ ದಪ್ಪ ಇರುವುದರಿಂದ, ಅದರ ನಡುಬಿಂದು ಗುರಿಯ ನಡುಬಿಂದುವಿನಿಂದ 2.5 ಮಿಲಿಮೀಟರ್‌ಗಿಂತ ಆಚೆ ಹೋಗಬಾರದು. ರೈಫಲ್‌ನ ತುದಿ ಸುಮಾರು 0.2 ಮಿಲಿಮೀಟರ್ ಸರಿದರೂ ಸಾಕು, ಹತ್ತು ಕೈತಪ್ಪಿ ಒಂಬತ್ತಾಗುತ್ತದೆ.

ಇದನ್ನು ಸಾಧಿಸಬೇಕಾದದ್ದು ನಿಂತುಕೊಂಡು. ರೈಫಲ್‌ನ ತೂಕ 5.5 ಕಿಲೊ ಮೀರಬಾರದು ಎಂಬ ನಿಯಮವಿದೆ. ಹೆಚ್ಚಿನವರ ರೈಫಲ್ ಅದಕ್ಕಿಂತ ತುಸು ಕಡಿಮೆ ತೂಗುತ್ತದೆ. ಆ ಭಾರವನ್ನು ತೋಳಿನ ಬಲದಿಂದ ಹೊತ್ತರೆ ಐದೇ ನಿಮಿಷಕ್ಕೆ ಸ್ನಾಯು ನಡುಗತೊಡಗುತ್ತದೆ. ಅದಕ್ಕೇ ಶೂಟರ್ ಸೊಂಟವನ್ನು ಗುರಿಯ ಕಡೆಗೆ ತುಸು ಚಾಚಿ, ಬೆನ್ನನ್ನು ಹಿಂದಕ್ಕೆ ಬಾಗಿಸಿ, ಎಡ ಮೊಣಕೈಯನ್ನು ಸೊಂಟದ ಎಲುಬಿನ ಮೇಲೆ ಇಟ್ಟುಕೊಳ್ಳುತ್ತಾರೆ. ರೈಫಲ್‌ನ ತೂಕ ಕೈಯಿಂದ ಎಲುಬಿಗೆ, ಎಲುಬಿನಿಂದ ಕಾಲಿಗೆ, ಕಾಲಿನಿಂದ ನೆಲಕ್ಕೆ ಇಳಿಯುತ್ತದೆ. ದಪ್ಪ ಕ್ಯಾನ್ವಾಸು, ತೊಗಲಿನ ಬಿಗಿ ಅಂಗಿ, ಬಿಗಿ ಪ್ಯಾಂಟು, ಚಪ್ಪಟೆ ತಳದ ಬೂಟು ಇವೆಲ್ಲ ಆ ನಿಲುವಿಗೆ ಆಸರೆ. ಅವುಗಳ ದಪ್ಪಕ್ಕೂ ಬಿಗಿತಕ್ಕೂ ಮಿತಿ ಇದೆ, ಪಂದ್ಯಕ್ಕೆ ಮೊದಲು ಉಪಕರಣದಿಂದ ಅಳೆದು ನೋಡುತ್ತಾರೆ.

ಇಷ್ಟಾದರೂ ಮೈ ಪೂರ್ತಿ ನಿಲ್ಲುವುದಿಲ್ಲ. ಉಸಿರು ಎದೆಯನ್ನು ಎತ್ತುತ್ತದೆ, ನಾಡಿಯ ಪ್ರತಿ ಬಡಿತವೂ ರೈಫಲ್‌ಗೆ ಮುಟ್ಟುತ್ತದೆ. ಪಳಗಿದ ಶೂಟರ್ ಅರ್ಧ ಉಸಿರು ಬಿಟ್ಟು ತಡೆದು, ಎರಡು ಬಡಿತಗಳ ನಡುವಿನ ಬಿಡುವಿನಲ್ಲಿ ಟ್ರಿಗರ್ ಒತ್ತುತ್ತಾರೆ. ನಿಲುವು ಸರಿಯಾಗಿದೆಯೇ ಎಂದು ತಿಳಿಯಲು ಒಂದು ಹಳೆಯ ಪರೀಕ್ಷೆ ಇದೆ. ಗುರಿಗೆ ರೈಫಲ್ ಹಿಡಿದು ಕಣ್ಣು ಮುಚ್ಚಬೇಕು, ಮೈ ಸಡಿಲ ಬಿಡಬೇಕು, ಎರಡು ಮೂರು ಉಸಿರಾದ ಮೇಲೆ ಕಣ್ಣು ತೆರೆಯಬೇಕು. ಆಗಲೂ ರೈಫಲ್ ಅದೇ ಚುಕ್ಕೆಯನ್ನು ನೋಡುತ್ತಿದ್ದರೆ ನಿಲುವು ಸರಿ. ಪಕ್ಕಕ್ಕೆ ಹೊರಳಿದ್ದರೆ ಕೈಯಿಂದ ಎಳೆದು ಸರಿಪಡಿಸುವಂತಿಲ್ಲ, ಕಾಲನ್ನೇ ಸರಿಸಿ ಮೊದಲಿನಿಂದ ನಿಲ್ಲಬೇಕು.

ಸುಮಾ ಆಡುತ್ತಿದ್ದ ಕಾಲದಲ್ಲಿ ಮಹಿಳೆಯರಿಗೆ 40 ಗುಂಡು, ಪುರುಷರಿಗೆ 60. ಅಂಕ ಪೂರ್ಣಸಂಖ್ಯೆಯಲ್ಲಿ, ಗರಿಷ್ಠ 400. ಅರ್ಹತಾ ಸುತ್ತಿನಲ್ಲಿ ಮೊದಲ ಎಂಟು ಸ್ಥಾನ ಪಡೆದವರು ಫೈನಲ್‌ನಲ್ಲಿ ತಲಾ 10 ಗುಂಡು ಹೊಡೆಯುತ್ತಿದ್ದರು. ಅಲ್ಲಿ ಮಾತ್ರ ದಶಮಾಂಶದ ಲೆಕ್ಕ, ಒಂದು ಗುಂಡಿಗೆ ಹೆಚ್ಚೆಂದರೆ 10.9. ಎರಡೂ ಸುತ್ತಿನ ಮೊತ್ತ ನೋಡಿ ಪದಕ ಹಂಚುತ್ತಿದ್ದರು. 2013ರಿಂದ ಅರ್ಹತಾ ಸುತ್ತಿಗೂ ದಶಮಾಂಶ ಬಂತು, ಫೈನಲ್‌ನಲ್ಲಿ ಎಲ್ಲರೂ ಸೊನ್ನೆಯಿಂದ ಶುರು ಮಾಡುವ ನಿಯಮವೂ ಬಂತು. 2018ರಿಂದ ಮಹಿಳೆಯರಿಗೂ 60 ಗುಂಡು.

ಪದಕಗಳ ವರ್ಷ

2002 ಸುಮಾ ಅವರ ಪಾಲಿಗೆ ತುಂಬಿ ಬಂದ ವರ್ಷ. ಮ್ಯಾಂಚೆಸ್ಟರ್ ಕಾಮನ್‌ವೆಲ್ತ್ ಕ್ರೀಡಾಕೂಟದ ಶೂಟಿಂಗ್ ಸ್ಪರ್ಧೆಗಳು ಬಿಸ್ಲಿ ಎಂಬಲ್ಲಿ ನಡೆದವು. ಅಂಜಲಿ ಜತೆಗೂಡಿ ಜೋಡಿ ವಿಭಾಗದಲ್ಲಿ ಚಿನ್ನ, ವೈಯಕ್ತಿಕ ವಿಭಾಗದಲ್ಲಿ ಅಂಜಲಿಗೆ ಚಿನ್ನ, ಸುಮಾಗೆ ಬೆಳ್ಳಿ. ಅದೇ ವರ್ಷ ಬೂಸಾನ್ ಏಷ್ಯನ್ ಕ್ರೀಡಾಕೂಟದಲ್ಲಿ ಅಂಜಲಿ, ಸುಮಾ, ದೀಪಾಲಿ ಸೇರಿ ತಂಡ ವಿಭಾಗದ ಬೆಳ್ಳಿ ತಂದರು. 2003ರ ಅರ್ಜುನ ಪ್ರಶಸ್ತಿ ಇದಕ್ಕೆಲ್ಲ ಸಿಕ್ಕ ಮನ್ನಣೆ. ಎಂಟು ವರ್ಷ ಕಳೆದ ಮೇಲೂ, 2010ರ ದೆಹಲಿ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಕವಿತಾ ಯಾದವ್ ಜತೆ ಜೋಡಿ ವಿಭಾಗದ ಕಂಚು ಗೆದ್ದರು.

ನಾನೂರಕ್ಕೆ ನಾನೂರು, ಆಮೇಲೆ ಅಥೆನ್ಸ್

2004ರ ಫೆಬ್ರುವರಿಯಲ್ಲಿ ಕ್ವಾಲಾಲಂಪುರದಲ್ಲಿ ಏಷ್ಯನ್ ಶೂಟಿಂಗ್ ಚಾಂಪಿಯನ್‌ಷಿಪ್ ನಡೆಯಿತು. ಅರ್ಹತಾ ಸುತ್ತಿನಲ್ಲಿ ಸುಮಾ ಹೊಡೆದ ನಲವತ್ತೂ ಗುಂಡು ಹತ್ತಕ್ಕೇ ಬಿದ್ದವು. 400ಕ್ಕೆ 400. ಅದನ್ನು ಮೀರಿಸಲು ಯಾರಿಗೂ ಆಗುವಂತಿರಲಿಲ್ಲ, ಸರಿಗಟ್ಟಬಹುದಿತ್ತು ಅಷ್ಟೇ. ಅವರಿಗಿಂತ ಮೊದಲು ಆ ಅಂಕ ಮುಟ್ಟಿದ್ದವರು ಬೆರಳೆಣಿಕೆಯ ಮಂದಿ. ಚೀನಾದ ಡು ಲಿ, ರಷ್ಯಾದ ಲ್ಯುಬೊವ್ ಗಾಲ್ಕಿನಾ ಅವರಲ್ಲಿದ್ದರು.

ಆರು ತಿಂಗಳ ನಂತರ, ಆಗಸ್ಟ್ 14ರಂದು, ಅಥೆನ್ಸ್ ಒಲಿಂಪಿಕ್ಸ್‌ನ ಮೊದಲ ಪದಕ ಸ್ಪರ್ಧೆ ಮಹಿಳೆಯರ 10 ಮೀಟರ್ ಏರ್ ರೈಫಲ್. ಸುಮಾ ಅರ್ಹತಾ ಸುತ್ತು ದಾಟಿ ಕೊನೆಯ ಎಂಟರಲ್ಲಿ ನಿಂತರು. ಫೈನಲ್ ಮುಗಿದಾಗ ಡು ಲಿ 502.0 ಅಂಕಗಳೊಂದಿಗೆ ಚಿನ್ನ, ಗಾಲ್ಕಿನಾ ಬೆಳ್ಳಿ ಪಡೆದಿದ್ದರು. ಸುಮಾ ಎಂಟನೆಯವರು.

ನಾನೂರಕ್ಕೆ ನಾನೂರು ಹೊಡೆದವರು ಎಂಟನೆಯವರಾದದ್ದು ಹೇಗೆ ಎಂದು ಕೇಳುವವರಿಗೆ ಉತ್ತರ ಈ ಕ್ರೀಡೆಯ ಸ್ವಭಾವದಲ್ಲೇ ಇದೆ. ಹಳೆಯ ಪದ್ಧತಿಯಲ್ಲಿ ಅರ್ಹತಾ ಸುತ್ತಿನಲ್ಲಿ ಒಂದೆರಡು ಅಂಕ ಹಿಂದುಳಿದವರು ಫೈನಲ್‌ಗೆ ಆ ಸಾಲ ಹೊತ್ತುಕೊಂಡೇ ಬರುತ್ತಿದ್ದರು. ಹತ್ತು ಗುಂಡಿನಲ್ಲಿ ಅದನ್ನು ತೀರಿಸಬೇಕೆಂದರೆ ಮುಂದಿರುವವರು ಎಡವಬೇಕು, ಡು ಲಿ ಅಂಥವರು ಎಡವುವುದು ಅಪರೂಪ. ನನಗೆ ಆ ಎಂಟನೆಯ ಸ್ಥಾನ ಸಣ್ಣದಾಗಿ ಕಾಣುವುದಿಲ್ಲ. ಒಲಿಂಪಿಕ್ಸ್ ಫೈನಲ್‌ನ ಸಾಲಿನಲ್ಲಿ ನಿಂತಾಗ ಬಾಯಿ ಹೇಗೆ ಒಣಗುತ್ತದೆ, ಮೊದಲ ಗುಂಡಿಗೆ ಮುಂಚೆ ಕಾಲು ಏನು ಹೇಳುತ್ತದೆ ಎಂಬುದನ್ನು ಪುಸ್ತಕ ಓದಿ ಕಲಿಸಲಾಗದು. ಅದು ಗೊತ್ತಿದ್ದ ಭಾರತದ ಮಹಿಳಾ ರೈಫಲ್ ಶೂಟರ್‌ಗಳು ಆಗ ಇಬ್ಬರೇ. ಸಿಡ್ನಿಯಲ್ಲಿ ಫೈನಲ್ ತಲುಪಿದ್ದ ಅಂಜಲಿ, ಅಥೆನ್ಸ್‌ನಲ್ಲಿ ತಲುಪಿದ ಸುಮಾ.

ಕಲಿಸುವ ಕೆಲಸ

ಸುಮಾ ನವಿಮುಂಬೈಗೆ ತಾಗಿದ ಪನ್ವೇಲ್‌ನಲ್ಲಿ ‘ಲಕ್ಷ್ಯ ಶೂಟಿಂಗ್ ಕ್ಲಬ್’ ಕಟ್ಟಿದರು. ಮುಂದೆ ರಾಷ್ಟ್ರೀಯ ಕಿರಿಯರ ರೈಫಲ್ ತಂಡದ ಹೈ ಪರ್ಫಾರ್ಮೆನ್ಸ್ ಕೋಚ್ ಆದರು, ಆಮೇಲೆ ಹಿರಿಯರ ತಂಡದ ಜವಾಬ್ದಾರಿಯೂ ಬಂತು.

ಚೆನ್ನಾಗಿ ಆಡಿದವರೆಲ್ಲ ಚೆನ್ನಾಗಿ ಕಲಿಸುತ್ತಾರೆ ಎಂಬ ನಂಬಿಕೆ ನಿಜವಲ್ಲ. ಆಟಗಾರನಿಗೆ ತನ್ನ ಮೈ ಒಂದು ಗೊತ್ತಿದ್ದರೆ ಸಾಕು. ಕೋಚ್‌ಗೆ ಬೇರೆ ಬೇರೆ ಎತ್ತರದ, ಬೇರೆ ಬೇರೆ ಸೊಂಟದ, ಬೇರೆ ಬೇರೆ ಮನಸ್ಸಿನ ಮಕ್ಕಳ ಮೈ ಓದಲು ಬರಬೇಕು. ಎತ್ತರದ ಹುಡುಗನಿಗೆ ಸರಿಹೋಗುವ ನಿಲುವು ಗಿಡ್ಡ ಹುಡುಗಿಗೆ ಬೆನ್ನುನೋವು ತರುತ್ತದೆ. ರೈಫಲ್‌ನ ಹಿಂಬದಿ, ಕೆನ್ನೆ ಒರಗಿಸುವ ಭಾಗ, ಹಿಡಿಕೆ ಎಲ್ಲವನ್ನೂ ಒಬ್ಬೊಬ್ಬರಿಗೂ ಅಳತೆ ನೋಡಿ ತಿರುಗಿಸಿ ಕೂರಿಸಬೇಕು. ದರ್ಜಿಯ ತಾಳ್ಮೆ ಬೇಕಾದ ಕೆಲಸವದು.

ದಿನದ ಅಭ್ಯಾಸದಲ್ಲಿ ಗುಂಡು ಹಾರುವ ಹೊತ್ತಿಗಿಂತ ಹಾರದ ಹೊತ್ತು ಹೆಚ್ಚು. ಬರೀ ರೈಫಲ್ ಎತ್ತಿ ಹಿಡಿದು ನಿಲ್ಲುವುದು, ಗುಂಡಿಲ್ಲದೆ ಟ್ರಿಗರ್ ಒತ್ತಿ ಒತ್ತಿ ಬೆರಳನ್ನು ಪಳಗಿಸುವುದು, ಗುರಿಯ ಬದಲು ಬಿಳಿ ಗೋಡೆಗೆ ಹಿಡಿದು ಅಲುಗಾಟ ಗಮನಿಸುವುದು, ಇವನ್ನು ತಿಂಗಳುಗಟ್ಟಲೆ ಮಾಡಿಸುತ್ತಾರೆ. ಪ್ರತಿ ಅವಧಿಯ ನಂತರ ಡೈರಿ ಬರೆಯಬೇಕು. ಅಂಕ ಎಷ್ಟು ಎಂದಷ್ಟೇ ಬರೆದರೆ ಸಾಲದು, ಕೆಟ್ಟ ಗುಂಡಿಗೆ ಮೊದಲು ಮನಸ್ಸಿನಲ್ಲಿ ಏನಿತ್ತು ಎಂದೂ ಬರೆಯಬೇಕು. ಹನ್ನೆರಡು ಹದಿಮೂರರ ಮಗುವಿಗೆ ಇದು ಬೇಸರದ ಕೆಲಸ. ಆ ಬೇಸರವನ್ನು ದಾಟಿಸುವವರೇ ಒಳ್ಳೆಯ ಕೋಚ್.

ಪಂದ್ಯದ ದಿನ ಕೋಚ್ ಕೂರುವುದು ಶೂಟರ್‌ಗಳ ಸಾಲಿನ ಹಿಂದೆ. ಕೂಗಿ ಹೇಳುವಂತಿಲ್ಲ. ಶೂಟರ್‌ಗೆ ಮಾತು ಬೇಕಾದರೆ ರೈಫಲ್ ಖಾಲಿ ಮಾಡಿ, ಸುರಕ್ಷಿತವಾಗಿ ಕೆಳಗಿಟ್ಟು, ಸಾಲು ಬಿಟ್ಟು ಬರಬೇಕು. ಬಂದಾಗ ಹೇಳುವ ಎರಡು ಮಾತು ಯಾವುವು ಎಂಬುದರ ಮೇಲೆ ಉಳಿದ ಗುಂಡುಗಳ ಹಣೆಬರಹ ನಿಂತಿರುತ್ತದೆ. ಹೆಚ್ಚು ಹೇಳಿದರೆ ತಲೆ ಭಾರ, ಏನೂ ಹೇಳದಿದ್ದರೆ ಬಂದದ್ದು ವ್ಯರ್ಥ.

ಅವನಿ

ಅವನಿ ಲೇಖರಾ ಜೈಪುರದವರು, ಹುಟ್ಟಿದ್ದು 2001ರ ನವೆಂಬರ್ 8ರಂದು. 2012ರಲ್ಲಿ ಕಾರು ಅಪಘಾತದಲ್ಲಿ ಬೆನ್ನುಹುರಿಗೆ ಪೆಟ್ಟಾಗಿ ಸೊಂಟದಿಂದ ಕೆಳಗೆ ಸ್ವಾಧೀನ ಹೋಯಿತು. 2015ರಲ್ಲಿ ತಂದೆ ಆಕೆಯನ್ನು ಶೂಟಿಂಗ್ ರೇಂಜ್‌ಗೆ ಕರೆದೊಯ್ದರು. ಶೂಟರ್ ಅಭಿನವ್ ಬಿಂದ್ರಾ ಅವರ ಆತ್ಮಕಥೆ ಓದಿ ಆಸೆ ಗಟ್ಟಿಯಾಯಿತು. ಕೆಲ ವರ್ಷಗಳಲ್ಲಿ ಸುಮಾ ಅವರ ಶಿಷ್ಯೆಯಾದರು.

ಇಲ್ಲಿ ಕೋಚ್ ತನಗೆ ಗೊತ್ತಿದ್ದ ಅರ್ಧವನ್ನು ಪಕ್ಕಕ್ಕಿಡಬೇಕಾಗುತ್ತದೆ. ಮೇಲೆ ಹೇಳಿದ ನಿಲುವು, ಅಂದರೆ ಎಲುಬಿನ ಮೂಲಕ ಭಾರ ನೆಲಕ್ಕಿಳಿಸುವ ವಿದ್ಯೆ, ಗಾಲಿಕುರ್ಚಿಯಲ್ಲಿ ಕೂತವರಿಗೆ ಹಾಗೇ ಒಗ್ಗದು. ಪ್ಯಾರಾ ಶೂಟಿಂಗ್‌ನಲ್ಲಿ ಎರಡು ಮುಖ್ಯ ವರ್ಗಗಳಿವೆ. ರೈಫಲ್‌ನ ಭಾರವನ್ನು ತಮ್ಮ ಕೈಯಲ್ಲೇ ಹೊರಬಲ್ಲವರು ಎಸ್‌ಎಚ್1, ರೈಫಲ್‌ಗೆ ಸ್ಟ್ಯಾಂಡಿನ ಆಸರೆ ಬೇಕಾದವರು ಎಸ್‌ಎಚ್2. ಅವನಿ ಮೊದಲ ವರ್ಗದವರು. ಸ್ಪರ್ಧೆಯ ಹೆಸರು ‘ಸ್ಟ್ಯಾಂಡಿಂಗ್’ ಎಂದಿದ್ದರೂ ಗಾಲಿಕುರ್ಚಿಯಲ್ಲಿ ಕೂತು, ಮೊಣಕೈಗೆ ಯಾವ ಆಸರೆಯೂ ಇಲ್ಲದೆ ಹೊಡೆಯಬೇಕು. ಕಾಲು, ಸೊಂಟ ಸಹಾಯಕ್ಕೆ ಬಾರದಿದ್ದಾಗ ಸ್ಥಿರತೆಯನ್ನು ಬೆನ್ನು, ಭುಜ, ಹೊಟ್ಟೆಯ ಸ್ನಾಯುಗಳಿಂದಲೇ ಹುಟ್ಟಿಸಬೇಕು. ಕುರ್ಚಿಯ ಎತ್ತರ, ಒರಗಿನ ಕೋನ ಎಲ್ಲವೂ ಹೊಸ ಲೆಕ್ಕ.

ಕೊರೊನಾ ಲಾಕ್‌ಡೌನ್‌ನಲ್ಲಿ ರೇಂಜ್‌ಗಳೆಲ್ಲ ಮುಚ್ಚಿದಾಗ ಅವನಿ ಜೈಪುರದ ಮನೆಯಲ್ಲೇ ಕಂಪ್ಯೂಟರ್ ಗುರಿ ಹಾಕಿಕೊಂಡು ಅಭ್ಯಾಸ ಮಾಡಿದರು. 2021ರ ಆಗಸ್ಟ್ 30ರಂದು ಟೋಕಿಯೊ ಪ್ಯಾರಾಲಿಂಪಿಕ್ಸ್ ಫೈನಲ್‌ನಲ್ಲಿ 249.6 ಅಂಕ ಗಳಿಸಿ ಚಿನ್ನ ಗೆದ್ದರು. ವಿಶ್ವದಾಖಲೆಗೆ ಸಮನಾದ ಅಂಕವದು. ಪ್ಯಾರಾಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ಭಾರತದ ಮೊದಲ ಮಹಿಳೆ ಅವನಿ. ಅದೇ ಕೂಟದಲ್ಲಿ 50 ಮೀಟರ್ ರೈಫಲ್ ತ್ರೀ ಪೊಸಿಷನ್‌ನಲ್ಲಿ ಕಂಚೂ ಬಂತು. ಮರುವರ್ಷ ಫ್ರಾನ್ಸ್‌ನ ಶಾತೊರೂ ವಿಶ್ವಕಪ್‌ನಲ್ಲಿ 250.6 ಅಂಕಗಳ ಹೊಸ ವಿಶ್ವದಾಖಲೆ.

ಪ್ಯಾರಿಸ್‌ಗೆ ಹೋಗುವ ಮುನ್ನ, 2024ರಲ್ಲಿ ಪಿತ್ತಕೋಶದ ಶಸ್ತ್ರಚಿಕಿತ್ಸೆಯಾಗಿ ಅವನಿ ಬಹಳ ಸೊರಗಿದರು. ಮೈಯ ತೂಕ ಇಳಿದರೆ ಶೂಟರ್‌ನ ಸಮತೋಲವೇ ಬದಲಾಗುತ್ತದೆ, ಶಕ್ತಿಯನ್ನೂ ಕುರ್ಚಿಯ ಅಳತೆಯನ್ನೂ ಮತ್ತೆ ಮೊದಲಿನಿಂದ ಕಟ್ಟಬೇಕು. 2024ರ ಆಗಸ್ಟ್ 30ರಂದು ಫೈನಲ್‌ನ ಕೊನೆಯ ಗುಂಡು ಬಾಕಿ ಇದ್ದಾಗ ಮುಂದಿದ್ದವರು ದಕ್ಷಿಣ ಕೊರಿಯಾದ ಲೀ ಯುನ್ರಿ. ಅವರ ಕೊನೆಯ ಗುಂಡು 6.8ಕ್ಕೆ ಬಿತ್ತು. ಅವನಿ 10.5 ಹೊಡೆದರು. 249.7 ಅಂಕಗಳೊಂದಿಗೆ ಮತ್ತೆ ಚಿನ್ನ. ಕಂಚು ಗೆದ್ದವರೂ ಭಾರತದವರೇ, ಮೋನಾ ಅಗರ್‌ವಾಲ್. ಎದುರಾಳಿ ಎಡವಿದ್ದರಿಂದ ಗೆದ್ದರು ಎಂದು ಹೇಳುವುದು ಸುಲಭ. ಆದರೆ ಆ ಕ್ಷಣದಲ್ಲಿ ಒತ್ತಡ ಇಬ್ಬರ ಮೇಲೂ ಇತ್ತು, ಅವನಿಯ ಬೆರಳು ಅಭ್ಯಾಸದಲ್ಲಿ ಒತ್ತಿದ ಹಾಗೇ ಒತ್ತಿತು.

ಇಪ್ಪತ್ತು ವರ್ಷಗಳ ಕೊರತೆ

ಅದೇ ಪ್ಯಾರಿಸ್‌ನಲ್ಲಿ, ಪ್ಯಾರಾಲಿಂಪಿಕ್ಸ್‌ಗೆ ಒಂದು ತಿಂಗಳ ಮುಂಚೆ, ಹರಿಯಾಣದ ರಮಿತಾ ಜಿಂದಾಲ್ 631.5 ಅಂಕಗಳೊಂದಿಗೆ ಐದನೆಯವರಾಗಿ ಏರ್ ರೈಫಲ್ ಫೈನಲ್ ತಲುಪಿದರು. ಅವರಿಗಿಂತ ಮೊದಲು ಒಲಿಂಪಿಕ್ಸ್ ಫೈನಲ್ ಕಂಡಿದ್ದ ಭಾರತದ ಮಹಿಳಾ ರೈಫಲ್ ಶೂಟರ್ ಯಾರೆಂದರೆ, ಇಪ್ಪತ್ತು ವರ್ಷ ಹಿಂದೆ ಅಥೆನ್ಸ್‌ನಲ್ಲಿ ನಿಂತಿದ್ದ ಸುಮಾ. ಅಷ್ಟು ವರ್ಷ ಮುಚ್ಚಿದ್ದ ಬಾಗಿಲನ್ನು ತೆರೆದ ರಮಿತಾ ಅವರ ಕೋಚ್ ಕೂಡ ಸುಮಾ ಅವರೇ. ಫೈನಲ್‌ನಲ್ಲಿ ರಮಿತಾ ಏಳನೆಯವರು. ಪುರುಷರ ವಿಭಾಗದಲ್ಲಿ ಅರ್ಜುನ್ ಬಬುತಾ ನಾಲ್ಕನೆಯವರಾಗಿ ಪದಕದ ಹೊಸ್ತಿಲಲ್ಲಿ ನಿಂತರು.

ಕಲಿಸುವ ತಲೆಮಾರು

ಬೂಸಾನ್‌ನ ಬೆಳ್ಳಿ ತಂಡದಲ್ಲಿದ್ದ ದೀಪಾಲಿ ದೇಶಪಾಂಡೆ ಕೂಡ ಕೋಚ್ ಆದರು. ಪ್ಯಾರಿಸ್‌ನಲ್ಲಿ 50 ಮೀಟರ್ ರೈಫಲ್ ತ್ರೀ ಪೊಸಿಷನ್‌ನಲ್ಲಿ ಕಂಚು ಗೆದ್ದ ಸ್ವಪ್ನಿಲ್ ಕುಸಾಳೆ ಅವರ ಶಿಷ್ಯ, ನಮ್ಮ ಗಡಿಗೆ ತಾಗಿದ ಕೊಲ್ಹಾಪುರ ಜಿಲ್ಲೆಯ ಕಂಬಳವಾಡಿಯ ಹುಡುಗ. 2024ರ ದ್ರೋಣಾಚಾರ್ಯ ಪ್ರಶಸ್ತಿ ದೀಪಾಲಿಯವರಿಗೆ ಬಂತು. ಪಿಸ್ತೂಲಿನಲ್ಲಿ ಏಷ್ಯನ್ ಕ್ರೀಡಾಕೂಟದ ಚಿನ್ನಗಳನ್ನು ಗೆದ್ದಿದ್ದ ಜಸ್‌ಪಾಲ್ ರಾಣಾ, ಪ್ಯಾರಿಸ್‌ನಲ್ಲಿ ಎರಡು ಕಂಚು ತಂದ ಮನು ಭಾಕರ್ ಅವರ ಗುರು. ಗಗನ್ ನಾರಂಗ್ ‘ಗನ್ ಫಾರ್ ಗ್ಲೋರಿ’ ಅಕಾಡೆಮಿ ನಡೆಸುತ್ತಾರೆ. ತಾವು ಕಷ್ಟಪಟ್ಟು ಕಲಿತದ್ದನ್ನು ಈ ತಲೆಮಾರಿನವರು ಮನೆಯಲ್ಲಿ ಮುಚ್ಚಿಟ್ಟುಕೊಳ್ಳಲಿಲ್ಲ. ಭಾರತದ ಶೂಟಿಂಗ್ ಬೆಳೆದದ್ದಕ್ಕೆ ಕಾರಣ ಹುಡುಕುವವರು ಮೊದಲು ಇಲ್ಲಿ ನೋಡಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಕರ್ನಾಟಕದಲ್ಲೂ ಬೀಜ ಇದೆ. ಬೆಂಗಳೂರಿನ ಪ್ರಕಾಶ್ ನಂಜಪ್ಪ 2013ರಲ್ಲಿ ಮುಖದ ಪಾರ್ಶ್ವವಾಯುವಿಗೆ ತುತ್ತಾಗಿಯೂ ಮರಳಿ ಬಂದು 2014ರ ಗ್ಲಾಸ್ಗೊ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಏರ್ ಪಿಸ್ತೂಲಿನ ಬೆಳ್ಳಿ ಗೆದ್ದರು, 2016ರ ರಿಯೊ ಒಲಿಂಪಿಕ್ಸ್‌ಗೂ ಹೋದರು. ಅವರಿಗೆ ದಾರಿ ತೋರಿದವರು ಸ್ವತಃ ಶೂಟರ್ ಆಗಿದ್ದ ತಂದೆ ಪಾಪಣ್ಣ. ವಿಜಯಪುರಕ್ಕೆ ಇನ್ನೂ ಹತ್ತಿರದ ಉದಾಹರಣೆ ಹುಬ್ಬಳ್ಳಿಯ ಶ್ರೀಹರ್ಷ ದೇವರಡ್ಡಿ. ಎಸ್‌ಎಚ್2 ವರ್ಗದ ರೈಫಲ್ ಶೂಟರ್ ಆದ ಅವರು 2024ರ ಪ್ಯಾರಿಸ್ ಪ್ಯಾರಾಲಿಂಪಿಕ್ಸ್‌ನಲ್ಲಿ ಭಾರತದ ಪರ ಕಣಕ್ಕಿಳಿದರು.

ನಾಲ್ಕು ತಾಲ್ಲೂಕಿನ ಮಕ್ಕಳಿಗೆ

ಕಾನೂನಿನ ಮಾತು ಮೊದಲು. 2016ರ ಆಯುಧ ನಿಯಮಗಳ ಪ್ರಕಾರ 4.5 ಮಿಲಿಮೀಟರ್ ಮೀರದ, 20 ಜೂಲ್‌ಗಿಂತ ಹೆಚ್ಚು ಶಕ್ತಿಯಿಲ್ಲದ ಏರ್ ರೈಫಲ್‌ಗೆ ಲೈಸೆನ್ಸ್ ಬೇಕಿಲ್ಲ. ಕ್ರೀಡೆಯ 10 ಮೀಟರ್ ರೈಫಲ್‌ಗಳೆಲ್ಲ ಈ ಮಿತಿಯ ಒಳಗೇ ಇವೆ. 50 ಮೀಟರ್‌ಗೆ ಬಳಸುವ .22 ರೈಫಲ್‌ಗೆ ಮಾತ್ರ ಲೈಸೆನ್ಸ್ ಬೇಕು. ಹೊಡೆಯದಿರುವಾಗ ಪ್ರತಿ ರೈಫಲ್‌ನ ಗುಂಡಿನ ಕೊಠಡಿಯಲ್ಲಿ ಬಣ್ಣದ ಸುರಕ್ಷತಾ ದಾರ ಇರಲೇಬೇಕು, ರೈಫಲ್‌ನ ಮೂತಿಯನ್ನು ಮನುಷ್ಯರ ಕಡೆ ತಿರುಗಿಸುವಂತಿಲ್ಲ. ಈ ಶಿಸ್ತು ಎಳವೆಯಲ್ಲೇ ಮೈಗೂಡಿದ ಮಗು ಬಂದೂಕಿನ ಬಗ್ಗೆ ಬೇರೆ ಯಾರಿಗಿಂತಲೂ ಹೆಚ್ಚು ಎಚ್ಚರದಿಂದ ಇರುತ್ತದೆ. ಅಂಜುವ ಅವ್ವಂದಿರಿಗೆ ಇದನ್ನು ಕಣ್ಣಾರೆ ತೋರಿಸಬೇಕು.

ಜಾಗದ ಮಾತಿಗೆ ಬಂದರೆ, ಏರ್ ರೈಫಲ್‌ಗೆ ಬಯಲು ಬೇಡ. ಹೊಡೆಯುವವರಿಗೆ, ಹಿಂದೆ ಕೂರುವವರಿಗೆ ಸ್ಥಳ ಬಿಟ್ಟು ಸುಮಾರು 15 ಮೀಟರ್ ಉದ್ದದ ಒಂದು ಹಾಲ್ ಸಾಕು. ಒಬ್ಬೊಬ್ಬ ಶೂಟರ್‌ಗೆ ಒಂದು ಮೀಟರ್ ಅಗಲ. ಗುಂಡು ತಡೆಯಲು ಹಿಂದೆ ಉಕ್ಕಿನ ತಗಡು, ಗುರಿಯ ಮೇಲೆ ಕನಿಷ್ಠ 1,500 ಲಕ್ಸ್ ಬೆಳಕು. ವಸತಿ ಶಾಲೆಯ ಒಂದು ಉದ್ದನೆ ಕೊಠಡಿಯಲ್ಲಿ ಇಷ್ಟನ್ನು ಹೊಂದಿಸಬಹುದು. ಎಲೆಕ್ಟ್ರಾನಿಕ್ ಗುರಿ ದುಬಾರಿ. ಆರಂಭಕ್ಕೆ ಕಾಗದದ ಗುರಿಯೇ ಆದೀತು. ವರ್ಲಿಯ ಆ ಹುಡುಗಿಯರ ಕಾಲದಲ್ಲಿ ಕಾಗದದ ಗುರಿಯೇ ರೂಢಿ.

ಖರ್ಚನ್ನು ಮರೆಮಾಚಬಾರದು. ಜರ್ಮನಿಯಿಂದ ಬರುವ ಸ್ಪರ್ಧಾ ರೈಫಲ್‌ಗೆ, ಅಂಗಿ–ಪ್ಯಾಂಟು–ಬೂಟಿನ ಜೊತೆಗೆ ಲಕ್ಷಗಳಲ್ಲಿ ಹಣ ಬೇಕು. ಒಣಬೇಸಾಯದ ಕುಟುಂಬಕ್ಕೆ ಅದು ಆಗದ ಮಾತು. ಆದ್ದರಿಂದ ನಾಲ್ಕು ಮಕ್ಕಳು ಸರದಿಯಲ್ಲಿ ಬಳಸುವಂತೆ ಶಾಲೆ, ಕ್ಲಬ್ ಅಥವಾ ಸರ್ಕಾರದ ಕೈಯಲ್ಲಿ ರೈಫಲ್ ಇರಬೇಕು. ಹಿಂಬದಿ, ಕೆನ್ನೆಯ ಭಾಗಗಳನ್ನು ಹೊಂದಿಸಿಕೊಳ್ಳಲು ಬರುವುದರಿಂದ ಒಂದೇ ರೈಫಲ್ ಹಲವರಿಗೆ ಆಗುತ್ತದೆ.

ಸ್ಪರ್ಧೆಯ ಮೆಟ್ಟಿಲು ಹೀಗಿದೆ: ಕರ್ನಾಟಕ ರಾಜ್ಯ ರೈಫಲ್ ಅಸೋಸಿಯೇಷನ್ ನಡೆಸುವ ರಾಜ್ಯ ಚಾಂಪಿಯನ್‌ಷಿಪ್, ಅಲ್ಲಿ ಅರ್ಹತಾ ಅಂಕ ಗಳಿಸಿದರೆ ದಕ್ಷಿಣ ವಲಯ ಇಲ್ಲವೇ ಮಾವಳಂಕರ್ ಹೆಸರಿನ ಅಖಿಲ ಭಾರತ ಕೂಟ, ಅದರ ನಂತರ ರಾಷ್ಟ್ರೀಯ ಚಾಂಪಿಯನ್‌ಷಿಪ್. ಲೋಕಸಭೆಯ ಮೊದಲ ಸ್ಪೀಕರ್ ಜಿ.ವಿ. ಮಾವಳಂಕರ್ ರಾಷ್ಟ್ರೀಯ ರೈಫಲ್ ಸಂಸ್ಥೆಯ ಮೊದಲ ಅಧ್ಯಕ್ಷರಾಗಿದ್ದವರು. ಎನ್‌ಸಿಸಿಗೆ ಇದಲ್ಲದೆ ತನ್ನದೇ ಶೂಟಿಂಗ್ ಸ್ಪರ್ಧೆಗಳಿವೆ. ಕ್ಯಾಂಪಿನಲ್ಲಿ .22 ರೈಫಲ್‌ನಿಂದ ಹೊಡೆದ ಗುಂಡುಗಳು ಒತ್ತಾಗಿ ಒಂದೆಡೆ ಬಿದ್ದರೆ ಆ ಕೆಡೆಟ್‌ನ ಹೆಸರನ್ನು ಅಧಿಕಾರಿ ಬರೆದಿಟ್ಟುಕೊಳ್ಳಬೇಕು. ಸುಮಾ ಅವರ ಕಥೆ ಶುರುವಾದದ್ದು ಇಂಥದೇ ಕಡೆಯಲ್ಲಿ.

ಎಲ್ಲಕ್ಕಿಂತ ಕೊರತೆ ಇರುವುದು ಕೋಚ್‌ಗಳದು. ಬಸವನ ಬಾಗೇವಾಡಿಯಿಂದ ವಿಜಯಪುರಕ್ಕೆ ಸುಮಾರು 45 ಕಿಲೊಮೀಟರ್, ಮುದ್ದೇಬಿಹಾಳದಿಂದ ಸುಮಾರು 80. ದಿನವೂ ಅಷ್ಟು ದೂರ ಹೋಗಿಬರುವುದು ಶಾಲೆಗೆ ಹೋಗುವ ಮಗುವಿಗೆ ಸಾಧ್ಯವಿಲ್ಲ, ಕಲಿಸುವವರು ತಾಲ್ಲೂಕಿನಲ್ಲೇ ಇರಬೇಕು. ಈ ನಾಲ್ಕೂ ತಾಲ್ಲೂಕುಗಳಲ್ಲಿ ಸೇನೆಯಿಂದ ನಿವೃತ್ತರಾಗಿ ಊರಿಗೆ ಮರಳಿದವರಿದ್ದಾರೆ. ಆಯುಧದ ಶಿಸ್ತು, ಉಸಿರು ಹಿಡಿಯುವ ರೀತಿ, ಟ್ರಿಗರ್ ಒತ್ತುವ ಹದ ಅವರಿಗೆ ಗೊತ್ತು. ಏರ್ ರೈಫಲ್‌ನ ನಿಲುವು, ಅಂಗಿಯ ಅಳತೆ, ಸ್ಪರ್ಧೆಯ ನಿಯಮಗಳನ್ನು ಅವರು ಹೊಸದಾಗಿ ಕಲಿಯಬೇಕು. ಅಂತರರಾಷ್ಟ್ರೀಯ ಶೂಟಿಂಗ್ ಸಂಸ್ಥೆ ಕೋಚ್‌ಗಳಿಗೆ ಎ, ಬಿ, ಸಿ, ಡಿ ಎಂಬ ನಾಲ್ಕು ಹಂತದ ಲೈಸೆನ್ಸ್ ಕೊಡುತ್ತದೆ, ಮೊದಲ ಹಂತ ‘ಡಿ’. ತಾಲ್ಲೂಕಿಗೆ ಇಬ್ಬರು ಮಾಜಿ ಸೈನಿಕರನ್ನು ಆ ತರಬೇತಿಗೆ ಕಳಿಸಿ, ಅದರ ಖರ್ಚನ್ನು ಕ್ರೀಡಾ ಇಲಾಖೆ ಇಲ್ಲವೇ ಊರಿನ ಸಹಕಾರಿ ಸಂಘಗಳು ಹೊತ್ತರೆ, ನಾಲ್ಕು ತಾಲ್ಲೂಕಿಗೆ ಎಂಟು ಮಂದಿ ಕೋಚ್‌ಗಳು ಸಿಗುತ್ತಾರೆ.